ನರಕ್ಯಾ

ಮರಾಠಿಯವರು ಅದಕ್ಕ ನರಕ್ಯಾ ಅಂತಾರ.
ನಮ್ಮ ಚಂದಗಡದ ಕನ್ನಡದಾಗ ನನಗ ಗೊತ್ತಿದ್ದ ಹೆಸರಿಲ್ಲ,
ಅಪ್ಪ ದೂರಿಂದನ ಬಟ್ಟು ಮಾಡಿ ಹೊಲಸು ಗಿಡ ಅಂತಿದ್ದ.
ದನ ಬಾಯಿ ಹಾಕಂಗಿಲ್ಲ. ಒಲಿಗೆ ಇಟ್ಟರ ಮನಿ ತುಂಬ ನಾತ.
ಹೂ ಬಿಟ್ಟಾಗಂತೂ ಆ ಕಾಲುದಾರಿ
ಯಾರೋ ಸತ್ತದ್ದನ್ನ ನಾಕು ದಿನ ಮುಚ್ಚಿಟ್ಟಂಗ.

ಒಂದು ವರ್ಷ ಒಬ್ಬ ಬಂದ, ಜೀಪಿನ್ಯಾಗ, ತಕ್ಕಡಿ ತಗೊಂಡು.
ಕಾಂಡ ಚಕ್ಕಿ ಮಾಡಿ ಒಣಗಿಸಿ ಕೊಟ್ಟರ
ಕಿಲೋಕ್ಕ ಹನ್ನೊಂದು ರೂಪಾಯಿ.
ಯಾತಕ್ಕ ಅಂದ್ರ "ಬಣ್ಣಕ್ಕ" ಅಂದ.
ಮತ್ತೊಂದು ಸಲ ಕೇಳಿದ್ರ "ಹುಳದ ಎಣ್ಣಿಗೆ".
ಮೂರು ಬ್ಯಾಸಗಿ ಕಡದೆ.
ತಿಲಾರಿ ಘಟ್ಟದ ಅಂಚಿಗೆ, ಬ್ಯಾಟರಿ ಬಾಯಾಗ ಕಚ್ಚಿ,
ಗಾರ್ಡನ ಸೀಟಿ ಕೇಳಿದ್ರ ಆರಿಸಿ,
ಕತ್ತಲಾಗ ಮೂಗಿನಿಂದನ ಗಿಡ ಹುಡುಕತಿದ್ದೆ.

ಹೌಸಕ್ಕ ಹೊಸ್ತಿಲ ದಾಟಗೊಡತಿರಲಿಲ್ಲ.
ಹಿತ್ತಲ ಕಲ್ಲಿನ ಮ್ಯಾಲ ನಿಂದರಿಸಿ
ಎರಡು ಕೊಡ ನೀರು, ಸೀಗಿಪುಡಿ, ಆಮ್ಯಾಲೆ ರೊಟ್ಟಿ.
"ಜೋತ್ಯಾ, ನರಕ ಹೊತ್ತಕೊಂಡು ಮನಿಗೆ ಬರಬ್ಯಾಡ."
ಅಂಗಿ ಬ್ಯಾರೆ ಒಗೀತಿದ್ಲು, ಸೀರಿ ಸೆರಗ ಮೂಗಿಗೆ ಕಟ್ಟಿ.

ಈಗ ಮಿರಜಿನ ದವಾಖಾನಿ, ಎರಡನೇ ಮಹಡಿ.
ಫೈಲಿನ ಮ್ಯಾಲ ಹೌಸಾಬಾಯಿ, ವಯಸ್ಸು ಐವತ್ತನಾಕು, ಕರುಳು.
ಬಾಟ್ಲಿ ನೋಡಿದೆ: ತೆಳು ಹಳದಿ,
ಕೂಸಿನ ಉಚ್ಚಿ ಹಂಗ.
ಹನಿ. ನಿಂತು, ಹನಿ.

ಕೆಳಗ ಔಷಧಿ ಅಂಗಡಿ ಹುಡುಗ ಕುಡಚಿಯಂವ, ಕನ್ನಡ ಬರ್ತದ.
"ಇದು ನಿಮ್ಮ ಘಟ್ಟದ ಗಿಡದಾಗಿಂದು, ಮಾಮಾ" ಅಂದ.
"ಒಳಗಿನ ಸತ್ವಕ್ಕ ಕ್ಯಾಂಪ್ಟೊಥೆಸಿನ್ ಅಂತಾರ.
ಹಂಗ ಕೊಟ್ರ ಮೈ ತಡಕೊಳ್ಳಂಗಿಲ್ಲ, ಕಂಪನ್ಯಾಗ ಒಂದೆರಡು ಕಡೆ ತಿದ್ದತಾರ.
ಕಾಲೇಜಿನ್ಯಾಗ ಒಮ್ಮೆ ನೋಡೀನಿ,
ಲ್ಯಾಬಿನ ಕತ್ತಲ ದೀಪ ಹಿಡದ್ರ ನೀಲಿ ಹೊಳೀತದ."
ಒಂದು ಚೀಲ ಚಕ್ಕಿಗೆ ಎಷ್ಟು ಬರ್ತದ ಅಂತ ಕೇಳಿದೆ.
ಅಂವ ಮುಟಗಿ ಮಾಡಿ ತೋರಿಸಿದ.
ನಾನು ಎಷ್ಟು ಚೀಲ ಇಳಿಸೀನಿ ಅಂತ ಹೇಳಲಿಲ್ಲ.

ಡಾಕ್ಟರ್ ಬಾಯಿ ಕನ್ನಡಕ ತಗದು ಒರಸಕೋತ,
"ಕೆಲವರಿಗೆ ಹಿಡೀತದ, ನೋಡೂಣು" ಅಂದ್ರು.
ಮೂರನೇ ದಿನ ಹೊಟ್ಟಿ ಕಳಚಿತು ಆಕಿಗೆ,
ರಾತ್ರಿ ಏಳು ಸಲ.
ಸೀರಿ ನಾನ ಒಗದೆ, ಮೂಗಿಗೆ ಏನೂ ಕಟ್ಟದ.
ಆಕಿ ಗ್ವಾಡಿ ಕಡೆ ಮುಖ ಮಾಡಿ ಮಲಗಿದ್ಲು.

ನಾಕನೇ ಬಾಟ್ಲಿ ಮುಗಿಸಿ ಊರಿಗೆ ಬಂದಮ್ಯಾಲೆ ಹೇಳಿದೆ.
ಬಾಳೊತ್ತು ಸುಮ್ಮನಿದ್ಲು.
"ಬಾಯಿಗೆ ರುಚಿ ಇಲ್ಲ, ಮೂಗಿಗೆ ವಾಸನಿ ಇಲ್ಲ,
ಚಾ ಅಂದ್ರ ಬಿಸಿನೀರು.
ಹೋಗಿ ಅದರದೊಂದು ಟೊಂಗಿ ತಗೊಂಡು ಬಾ,
ಅದಾದ್ರೂ ನಾರ್ತದೇನೋ ನೋಡೂಣು."

ಹೋದೆ. ಹಗಲಿನ್ಯಾಗ, ಕೊಡ್ಲಿ ಇಲ್ಲದ.
ನಾ ಕಡದ ಜಾಗಾ ನನಗ ಗುರುತ ಸಿಗಲಿಲ್ಲ,
ಬಿಸಿಲು ಬಿದ್ದು ಎಲ್ಲಾ ಬ್ಯಾರೆ ಆಗಿತ್ತು.
ಒಂದು ಮೋಟು ಸಿಕ್ತು ಕಡೀಕ,
ಮೊಳಕಾಲೆತ್ತರ ಎರಡು ಚಿಗುರು.
ಎಲಿ ಹಿಡದೆ. ಹಿಂಡಿದೆ.
ಮುರೀಲಿಕ್ಕೆ ಕೈ ಬರಲಿಲ್ಲ.
ಒಂದು ಬೀಡಿ ಸೇದೂವಷ್ಟು ಹೊತ್ತು ಅಲ್ಲೇ ಕುಂತಿದ್ದೆ, ಬೀಡಿ ಸೇದಲಿಲ್ಲ.

"ಗಾರ್ಡ್ ಇದ್ದ" ಅಂದೆ ಬಂದು.
ಅಕ್ಕ ಏನೂ ಅನ್ನಲಿಲ್ಲ. ನನ್ನ ತೋಳ ಹಿಡದು
ಅಂಗಿ ತುದಿ ಮೂಗಿನ ಹತ್ರ ಒಯ್ದು,
ಇನ್ನೊಮ್ಮೆ ಒಯ್ದು,
ಮುಖ ಕಿವಿಚಿದ್ಲು.

"ಥೂ, ನಾಯಿ. ಹೊರಗ ನಡಿ ಮೊದಲು."

ಹೋಗಿ ಕಲ್ಲಿನ ಮ್ಯಾಲ ನಿಂತೆ.
ಒಳಗ ಕೊಡ ಎಳದ ಸಪ್ಪಳ,
ಎತ್ತಲಿಕ್ಕೆ ಆಗದ, ನಿಂತು, ಮತ್ತ ಎಳದ ಸಪ್ಪಳ.