ನೂರ ನಲವತ್ತಮೂರನೇ ಪುಟ

ವಿರಾಜಪೇಟೆಯ ಗಡಿಯಾರ ಕಂಬ ದಾಟಿ ಇಳಿದರೆ
ಹೊಲಿಗೆ ಅಂಗಡಿಯ ಮಹಡಿಯಲ್ಲಿ ನಮ್ಮ ವಾಚನಾಲಯ.
ಹತ್ತೊಂಬತ್ತು ವರ್ಷ ಅಲ್ಲಿ
ಪುಸ್ತಕ ಕೊಟ್ಟೆ, ಪುಸ್ತಕ ಇಸಕೊಂಡೆ.

ಕೆಂಪು ರಟ್ಟಿನದೊಂದು ಕಾದಂಬರಿ.
ಮಗನಿಗೆ ಪಿಟೀಲು ಹೇಳಿಕೊಡಲು ಬರುವವನ ಮೇಲೆ
ತಾಯಿಗೆ ಮನಸ್ಸಾಗುತ್ತದೆ.
ಗಂಡ ಕೆಟ್ಟವನೇನಲ್ಲ, ಅದೇ ತೊಂದರೆ.
ಕೆಟ್ಟವನಾಗಿದ್ದರೆ ಊರು ಕ್ಷಮಿಸುತ್ತಿತ್ತು.

ದೂರು ಬಂತು. ಏಳು ಸಹಿ.
ರೇಡಿಯೋದಲ್ಲಿ ಇಂಥದೇ ಹಾಡು ಬಂದರೆ
ದನಿ ಏರಿಸುವವರದೇ ನಾಲ್ಕು.
ಅಧ್ಯಕ್ಷರು, ನಿವೃತ್ತ ಸುಬೇದಾರ್ ಬಿದ್ದಪ್ಪ,
ಪರಿಶೀಲನೆಗೆಂದು ಮನೆಗೊಯ್ದರು,
ಮೂರು ವಾರ ಪರಿಶೀಲಿಸಿದರು,
ಆಮೇಲೆ ಬೀರುವಿಗೆ ಬೀಗ ಹಾಕಿಸಿದರು.
ಪುಸ್ತಕಕ್ಕೆ ನಶ್ಯದ ವಾಸನೆ.
ನೂರ ನಲವತ್ತಮೂರನೇ ಪುಟ ಇರಲಿಲ್ಲ.

ಬೀಗದ ಕೈ ನನ್ನ ಹತ್ತಿರ ಇದೆಯೆಂದು
ಊರಿಗೆಲ್ಲ ಗೊತ್ತು.
ಬಂದರು, ಒಬ್ಬೊಬ್ಬರಾಗಿ,
ಅಡುಗೆ ಪುಸ್ತಕ ಕೇಳುವ ದನಿಯಲ್ಲಿ.
ಮೊದಲ ಸಹಿ ಹಾಕಿದ್ದ ಚೋಂದಮ್ಮ ಟೀಚರು
ಪೇಪರಿನಲ್ಲಿ ಸುತ್ತಿ ಒಯ್ದರು, ಒಣಮೀನು ಒಯ್ದ ಹಾಗೆ.
ಕೆಳಗಿನ ಅಂಗಡಿಯ ರಸೀದಾ
ಗುಂಡಿ ಹೊಲಿಯುತ್ತಲೇ ಓದಿ ಸೂಜಿ ಚುಚ್ಚಿಕೊಂಡಳು,
ಅಂಚಿನಲ್ಲೊಂದು ಕಂದು ಚುಕ್ಕೆ ಈಗಲೂ ಇದೆ.
ಕಾಫಿ ಹೂ ಬಿಟ್ಟಾಗ ಹೋದದ್ದು
ಎಸಳು ಒಳಗಿಟ್ಟುಕೊಂಡು ಬಂತು,
ಇನ್ನೊಮ್ಮೆ ಗೋಣಿಕೊಪ್ಪದ ಬಸ್ಸಿನ ಚೀಟಿ,
ಒಮ್ಮೆ ಬರೀ ಒಂದು ಹೇರ್‌ಪಿನ್ನು.

ಎಲ್ಲರದೂ ಒಂದೇ ಪ್ರಶ್ನೆ:
"ಆ ಹಾಳೆಯಲ್ಲಿ ಏನಿತ್ತು?"

ನಾನೂ ಓದಿರಲಿಲ್ಲ. ಹೇಳಿದೆ ಮಾತ್ರ.
ರಸೀದಾಗೆ: ಅವಳ ಬೆರಳು ಹಿಡಿದು ತಂತಿಯ ಮೇಲಿಟ್ಟ.
ಚೋಂದಮ್ಮನಿಗೆ: ಅವಳು ತಡೆದಳು, ಆಮೇಲೆ ತಡೆಯಲಿಲ್ಲ.
ಗ್ಯಾರೇಜಿನ ಹುಡುಗ ಸಜೀವನಿಗೆ ಏನೂ ಹೇಳದೆ
ಕನ್ನಡಕ ಒರೆಸಿದೆ.
ಅವನ ಕಿವಿ ಕೆಂಪಾಯಿತು,
ಅಷ್ಟೇ ಸಾಕಾಯಿತು.

ಬಿದ್ದಪ್ಪನವರು ತೀರಿಕೊಂಡ ವರ್ಷ, ಹುತ್ತರಿ ಕಳೆದು,
ಅವರ ಹೆಂಡತಿ ಅಕ್ಕವ್ವ ಮೆಟ್ಟಿಲು ಹತ್ತಿ ಬಂದರು.
ಪೆನ್ಷನ್ ಪುಸ್ತಕದೊಳಗಿಂದ
ನಾಲ್ಕಾಗಿ ಮಡಚಿದ ಹಾಳೆ.
"ಇದು ನಿಮ್ಮದಿರಬೇಕು. ಓದಿದೆ. ಏನೂ ಇಲ್ಲ ಇದರಲ್ಲಿ."

ನಿಜ, ಏನೂ ಇಲ್ಲ.
ಪಾಠ ಮುಗಿದಿದೆ. ಹುಡುಗ ಆಡಲು ಓಡಿದ್ದಾನೆ.
ಅವಳು ಲೋಟ ತೊಳೆಯುತ್ತಾಳೆ,
ಅವನು ಪಿಟೀಲಿನ ಪೆಟ್ಟಿಗೆ ಮುಚ್ಚುತ್ತಾನೆ.
ಗುರುವಾರ ಬರುತ್ತೀರಲ್ಲ, ಅನ್ನುತ್ತಾಳೆ.
ಗುರುವಾರ, ಅನ್ನುತ್ತಾನೆ.

ಎರಡನೇ ಗುರುವಾರದ ಕೆಳಗೆ ಹಸಿರು ಶಾಯಿಯ ಗೆರೆ,
ಕಾಗದ ತೂತಾಗುವಷ್ಟು ಒತ್ತಿ.

ಅಕ್ಕವ್ವ ಕಿಟಕಿಯಾಚೆ ನೋಡುತ್ತಿದ್ದರು.
"ಗುರುವಾರ ಅವರು ಮಡಿಕೇರಿಗೆ ಹೋಗುತ್ತಿದ್ದರು,
ಮಿಲಿಟರಿ ಕ್ಯಾಂಟೀನಿಗೆ.
ಎಷ್ಟೋ ಸಲ ಬರಿಗೈಲಿ ಬರುತ್ತಿದ್ದರು."
ಸ್ವಲ್ಪ ಹೊತ್ತು ಬಿಟ್ಟು,
"ಉಳಿದ ಪುಸ್ತಕ ಇದೆಯಾ?"

ಬೀರು ತೆಗೆದೆ. ಸಹಿ ಹಾಕಿದರು.
ಮನೆಯವರೆಗೂ ತಡೆಯಲಿಲ್ಲ,
ಗಡಿಯಾರ ಕಂಬದ ಬುಡದಲ್ಲಿ
ನಿಂತೇ ಮೊದಲ ಪುಟ ಬಿಡಿಸಿದರು.

ಹಾಳೆ ನನ್ನ ಮೇಜಿನಲ್ಲೇ ಉಳಿಯಿತು.
ಗೋಂದು ಇತ್ತು.
ಅಂಟಿಸಲಿಲ್ಲ.