ಬೂದಿಯನ್ನೂ ಒಡೆಯಬೇಕು

ಲೂಯಿಸ್ ಪಟ್ಟಣದ ಸುಣ್ಣದ ಗುಡ್ಡದ ಕೆಳಗೆ
ಕೌನ್ಸಿಲ್ ಬಾಡಿಗೆಗೆ ಕೊಡುವ ತುಂಡು ತೋಟಗಳು.
ನನ್ನದು ಹದಿನೇಳು, ಅವರದು ಹದಿನೆಂಟು,
ನಡುವೆ ಗೂಸ್‌ಬೆರಿ ಮುಳ್ಳು.
ಇಪ್ಪತ್ತೆಂಟನೇ ನಂಬರಿನ ಬಸ್ಸನ್ನು
ಬ್ರೈಟನ್ನಿಗೆ ನಾಲ್ಕು ಸಲ ಓಡಿಸಿ ಬಂದು
ನಾನು ಮೂಲಂಗಿಗೆ ನೀರು ಹಾಕುವಾಗ
ಸೆಡ್ರಿಕ್ ಪೆಲ್ಲಿಂಗ್ ಎಲೆ ಸುಡುತ್ತಿದ್ದರು.

ಸುಡುವುದೇನು ದೊಡ್ಡದಲ್ಲ.
ಆರಿದ ಮೇಲೆ ಕೂರುತ್ತಿದ್ದರು, ಮೊಣಕಾಲ ಕೆಳಗೆ ಗೋಣಿ,
ಕೈಯಲ್ಲಿ ಕಿರುಗುದ್ದಲಿ,
ಬೂದಿಯ ಒಂದೊಂದು ಪದರವನ್ನೂ
ತಟ್ಟಿ, ಮುರಿದು, ಮತ್ತೆ ತಟ್ಟಿ,
ಎಲೆಯ ನರದ ಗುರುತೂ ಉಳಿಯದ ಹಾಗೆ.
ನಮ್ಮಜ್ಜಿ ಪಾತ್ರೆ ಬೆಳಗಲು ಬೂದಿ ಜರಡಿ ಹಿಡಿದದ್ದು ಕಂಡಿದ್ದೆ;
ಅವಳೂ ಇಷ್ಟು ಹಠ ಮಾಡಿದವಳಲ್ಲ.

'ಗೊಬ್ಬರಕ್ಕಾ?' ಅಂದೆ.
'ಅಭ್ಯಾಸ' ಅಂದರು.

ನವೆಂಬರ್ ಐದು. ಊರಿಗೆ ಊರೇ ಪಂಜು ಹೊತ್ತು ನಡೆಯುವ ರಾತ್ರಿ.
ನಾನೂರು ವರ್ಷದ ಹಿಂದೆ ಪಾರ್ಲಿಮೆಂಟಿನ ನೆಲಮಾಳಿಗೆಯಲ್ಲಿ
ಮದ್ದಿನ ಪೀಪಾಯಿ ಬಚ್ಚಿಟ್ಟು ಸಿಕ್ಕಿಬಿದ್ದವನನ್ನು
ಇನ್ನೂ ಪ್ರತಿವರ್ಷ ಹಿಡಿದು ಸುಡುತ್ತಾರೆ.
ಆಯಾ ವರ್ಷದ ಮಂತ್ರಿಯ ಬೊಂಬೆಗೂ ಬಿಡುವಿಲ್ಲ,
ಹೊಟ್ಟೆ ತುಂಬ ಪಟಾಕಿ.
ಬಸ್ಸುಗಳಿಗೆ ರಜೆ.
ತೋಟದ ಶೆಡ್ಡಿನಲ್ಲಿ ಪೆಲ್ಲಿಂಗ್ ಒಬ್ಬರೇ, ಕಿಟಕಿಗೆ ಕಂಬಳಿ.
'ಸಿಕ್ಕಿಬಿದ್ದವನ ಬೆಂಕಿಗೆ ಊರೆಲ್ಲ ಬರುತ್ತೆ' ಅಂದರು,
ಫ್ಲಾಸ್ಕಿನ ಚಹಾ ನನ್ನತ್ತ ಸರಿಸಿ,
'ಸಿಕ್ಕಿಬೀಳದ್ದಕ್ಕೆ ಹಬ್ಬವಿಲ್ಲ.'

ಆಗ ಇಪ್ಪತ್ತೆರಡು ವರ್ಷ. ಯಾವ ದೇಶ ಅಂತ ಹೇಳಲಿಲ್ಲ;
ರುಜು ಹಾಕಿಕೊಟ್ಟ ಕಾಗದ ಇನ್ನೂ ಅವರ ನಾಲಗೆಯ ಮೇಲಿದೆ.
ಬಾವುಟ ಇಳಿಯಲು ಒಂಬತ್ತು ದಿನ.
ಆ ಊರಿನ ಗುಮಾಸ್ತರಿಗೆಲ್ಲ ಸಂಬಳ ಸಹಿತ ರಜೆ ಕೊಟ್ಟು
ಕಚೇರಿಯ ಹಿಂದಿನ ಟೆನಿಸ್ ಅಂಗಳದಲ್ಲಿ
ಇವರು ಮೂವರು, ಮಡಿಸಿದ ತೋಳು, ಸೀಮೆಎಣ್ಣೆ.
ಮೂಲೆಯಲ್ಲಿ ಹಸಿರು ಗೀಟು ಬಿದ್ದ ಕಡತ ಹೊಸ ಸರ್ಕಾರಕ್ಕೆ,
ಬೀಳದ್ದು ಬೆಂಕಿಗೆ.
ಲಂಡನ್ನಿನ ತಂತಿಯಲ್ಲಿ ಕೊನೆಯ ಸಾಲು:
ಬೂದಿಯನ್ನೂ ಒಡೆಯಬೇಕು.

ಬೂದಿ ಮುಚ್ಚಿದ ಕೆಂಡ ಅಂತ ನಮ್ಮಲ್ಲೊಂದು ಮಾತಿದೆ, ಅಂದೆ.
ನನ್ನ ಬಸ್ಸಿನ ಇಂಗ್ಲಿಷಿನಲ್ಲಿ ಅದನ್ನು ದಾಟಿಸುವಷ್ಟರಲ್ಲಿ
ಅರ್ಧ ಕೆಂಡ ಆರಿಹೋಗಿತ್ತು.
ಆದರೂ ತಲೆಯಾಡಿಸಿದರು.

'ಓದಬಾರದು ಅಂದಿದ್ದರು. ಒಂದು ಹಾಳೆ ಓದಿಬಿಟ್ಟೆ.
ಶಿಬಿರದ ಪಟ್ಟಿ. ಹೆಸರು, ಹೆಸರು, ಹೆಸರು,
ಮುಂದೆ ತಾರೀಖು; ಕಾರಣದ ಕಾಲಂ ಖಾಲಿ.
ಒಂದು ಹೆಸರು ಅಂಟಿಕೊಂಡಿತು.
ಗಂಡೋ, ಹೆಣ್ಣೋ, ಮಗುವೋ ಗೊತ್ತಿಲ್ಲ.
ನಿದ್ದೆಯಲ್ಲಿ ಗೊಣಗುತ್ತಿದ್ದೆನಂತೆ.
ಹೆಂಡತಿ ಅದು ಯಾರೋ ಹಳೆಯ ಹುಡುಗಿ ಅಂದುಕೊಂಡಳು,
ನಲವತ್ತೊಂದು ವರ್ಷ. ಹಾಗೇ ಸತ್ತಳು.'

ಆಮೇಲೆ ಹೇಳಿದರು. ಒಂದೇ ಸಲ.
ಅಷ್ಟರಲ್ಲಿ ಊರಿನ ಕಡೆ ಮಂತ್ರಿಯ ಹೊಟ್ಟೆ ಸಿಡಿದು
ನಡುವಿನ ಅಕ್ಷರ ನನಗೆ ಕೇಳಿಸಲಿಲ್ಲ.
ಮತ್ತೆ ಕೇಳಲು ಬಾಯಿ ಬರಲಿಲ್ಲ.

ಫೆಬ್ರವರಿಯಲ್ಲಿ ಹದಿನೆಂಟಕ್ಕೆ ಬೇರೆಯವರು ಬಂದರು.
ಶೆಡ್ಡಿನಲ್ಲಿ ಕಿರುಗುದ್ದಲಿ, ತೊಳೆದು ಒರೆಸಿದ್ದು,
ಬಿಸ್ಕತ್ತಿನ ಡಬ್ಬಿಯಲ್ಲಿ ಬೂದಿ, ರಾಗಿಹಿಟ್ಟಿನಷ್ಟು ನಯ.
ಅದನ್ನು ನನ್ನ ಈರುಳ್ಳಿ ಸಾಲಿಗೆ ಹಾಕಿದೆ.
ಬೀಜದ ಹೆಸರು ಬರೆಯುವ ಮರದ ಚಕ್ಕೆಯ ಮೇಲೆ
ಪೆನ್ಸಿಲಿನಲ್ಲಿ, ಕನ್ನಡದಲ್ಲಿ, ಕೇಳಿಸಿದಷ್ಟು ಬರೆದೆ,
ನಡುವೆ ಒಂದಕ್ಷರದ ಜಾಗ ಬಿಟ್ಟು.
ಇಲ್ಲಿ ಅದನ್ನು ಬರೆಯುತ್ತಿಲ್ಲ. ಗುಟ್ಟೆಂದಲ್ಲ;
ತಪ್ಪು ಹೆಸರು ಹಿಡಿದು ಕರೆದರೆ
ಯಾರು ತಿರುಗಿ ನೋಡಿಯಾರು?

ಮಾರ್ಚಿನ ತಪಾಸಣೆಗೆ ಬಂದ ಸಂಘದ ಕಾರ್ಯದರ್ಶಿ
ಕನ್ನಡಕ ಏರಿಸಿ ಚಕ್ಕೆಯ ಮುಂದೆ ಬಗ್ಗಿದಳು:
'ಇದು ಯಾವ ತಳಿ?'
ಗೊತ್ತಿಲ್ಲ, ಅಂದೆ.
ಮಣ್ಣಿನಲ್ಲಿದೆ. ನೋಡೋಣ.