ಬಾವಿ: ಇಲ್ಲ

ವಕೀಲ್ರ, ಆ ಕಾಗದಾ ಟೈಪ್ ಮಾಡಸ್ರಿ,
ದಾವೆ ಹಿಂದ ತಗೋತೀನಿ ಅಂತ.
ಬೇವಿನ ಗಿಡದ ಕೆಳಗ ಕೂಡತಾನಲ್ಲ ಹುಸೇನಸಾಬ,
ಅವಂಗ ನಮ್ಮ ಕೇಸಿನ ನಂಬರು ಬಾಯಿಪಾಠ.
ಹಿಂದಿನ ತಾರೀಖಿಗೆ ಅಂದಿದ್ದ:
'ಅಕ್ಕಾರ, ನಿಮ್ಮ ಅರ್ಜಿ ಬಡದು ಬಡದು
ಈ ಮಷೀನಿನ ಬ ಅಕ್ಷರಾ ಸವದೈತಿ.'
ಬಣ್ಣದ ಪರಪ್ಪ, ಬಾವಿ, ಬಾಗಲಕೋಟಿ,
ಎಲ್ಲಾ ಅದಽ ಅಕ್ಷರಾ.

ಅವತ್ತು ನಾನೂ ಮನ್ಯಾಗಿದ್ದೆ.
ಸರ್ವೇದಾವ ಟೇಪು ಹಿಡದು ಬಂದ, ಎಳೇ ಹುಡುಗ.
ಬಾಗಲಾ ಎರಡು, ಕಿಡಕಿ ಐದು, ತೊಲಿ ಹನ್ನೊಂದು,
ಬಣ್ಣಾ ಕುದಸೊ ಒಲಿ ಮೂರು,
ಅವ್ವನ ಒಳ್ಳು ಸುದ್ದಾ ಬರಕೊಂಡ.
ಹಿತ್ತಲಕ್ಕ ಹೋಗೋ ಹೊತ್ತಿಗೆ
ಅವ್ವ ಚಹಾ ಕೊಟ್ಲು.
ಕುಡದು, ಕಪ್ಪು ಇಟ್ಟು, ಬಾಜೂ ಮನೀಗೆ ಹ್ವಾದ.
ಪಟ್ಟಿ ಬಂದಾಗ ಹದಿನಾಲ್ಕನೇ ಸಾಲಿನ್ಯಾಗ
ಬಾವಿ: ಇಲ್ಲ.
ಸಾಯೋತನಕಾ ಅವ್ವ
ಆ ಚಹಾದ ಸಕ್ರಿ ಎಣಸಿದ್ಲು.

ಅಪ್ಪಂದು ರೊಕ್ಕದ ಸಿಟ್ಟಲ್ಲ.
ಆ ನೀರಾಗ ಅದ್ದಿದ ಕೆಂಪು
ಎಷ್ಟು ಒಗದ್ರೂ ಬಿಡತಿದ್ದಿಲ್ಲ.
'ಇದ್ದದ್ದನ್ನ ಇಲ್ಲ ಅಂತ ಹೆಂಗ ಬರದ್ರು?'
ಇದೊಂದಽ ಪ್ರಶ್ನೆ, ಇಪ್ಪತ್ತಾರು ವರ್ಷ.
ನವನಗರದ ಸೆಕ್ಟರ್ ನಂಬರು ಒಂದೂ ನೆನಪಿಲ್ಲದಾವ
ಕೋರ್ಟಿನ ಮೆಟ್ಟಲಾ ಕಣ್ಣು ಮುಚ್ಚಿ ಏರ್ತಿದ್ದ.
ಅವ ಹ್ವಾದ ಮ್ಯಾಲೆ ನೀವು ಬರಿಸಿದ್ರಿ:
ವಾರಸುದಾರಳು, ಮಗಳು ನಿಂಬೆವ್ವ.
ನಂಗ ಬಂದ ಆಸ್ತಿ ಅಂದ್ರ ಆ ಸಾಲು.

ಈ ಸಲ ಮೇ ತಿಂಗಳಾಗ ಹಿನ್ನೀರು ಇಳೀತು.
ಒಬ್ಬಾಕಿನಽ ಹೋದೆ, ಕೆಸರಾಗ ಚಪ್ಪಲಿ ಬಿಟ್ಟು.
ಗ್ವಾಡಿ ಇಲ್ಲ, ಓಣಿ ಯಾವುದಂತ ಗೊತ್ತಾಗಲಿಲ್ಲ,
ಕಾಲು ತಾವಽ ಎಡಕ್ಕ ಹೊಳ್ಳಿದ್ವು.
ಕಟ್ಟಿ ಇತ್ತು, ಹಗ್ಗ ಕೊರದ ಗೀರಿನ ಸಮೇತ.
ಒಳಗ ಅರ್ಧ ಹೂಳು.
ಬಗ್ಗಿ 'ಅಪ್ಪಾ' ಅಂದೆ.
ಹಳೇ ಚಾಳಿಯಂಗ, ಒಂದೀಟು ತಡದು,
ಅದೂ ಅಂತು.

ಅಲ್ಲೇ ಹೊಳೀತು ನೋಡ್ರಿ.
ಬಾಗಲಾ ಬರದ್ರು, ತಗೊಂಡ್ರು.
ಒಲಿ ಬರದ್ರು, ತಗೊಂಡ್ರು.
ಒಳ್ಳಿಗೆ ನಾಕಾಣೆ ಹಚ್ಚಿ ಅದನ್ನೂ ತಗೊಂಡ್ರು.
ಬಾವಿ ಬರೀಲಿಲ್ಲ.
ಅಂದ ಮ್ಯಾಲೆ ಅದನ್ನ ಯಾವಾಗ ತಗೊಂಡ್ರು?

ಗೆದ್ರ ಪರಿಹಾರ ಕೊಡ್ತಾರ, ಸಹಿ ಮಾಡಸ್ಕೋತಾರ,
ಅದು ಖರೇ ಮುಳಗೂದು ಆವತ್ತು.
ಬ್ಯಾಡ್ರಿ.
ಘಟಪ್ರಭಾ ಇರ್ಲಿ ಅದರಾಗ,
ಬಾಡಿಗಿ ಕೇಳಾಂಗಿಲ್ಲ ನಾವು.

ಸಾಹೇಬ್ರು ಕೇಳ್ತಾರ, ಯಾರದರ ಒತ್ತಾಯ ಐತೇನಮ್ಮಾ?
ಇಲ್ಲ ಅಂತೀನಿ.
ಸರ್ಕಾರದ ಜೋಡಿ ರಾಜಿ ಆತೇನು?
ಇಲ್ಲ ಅಂತೀನಿ.
ಮತ್ತ ಬಾವಿ, ಅಂದ್ರ
ನೀವು ಪಟ್ಟಿ ತೋರಸ್ರಿ, ಹದಿನಾಲ್ಕನೇ ಸಾಲು.

ಹಾಂ, ಹುಸೇನಸಾಬಗ ಒಂದು ಮಾತು ಹೇಳ್ರಿ:
ಬ ಮೂಡದಿದ್ದಲ್ಲಿ
ಪೆನ್ನಿಲೆ ತಿದ್ದೂದು ಬ್ಯಾಡ.
ಆ ಜಾಗಾ ಹಂಗಽ ಖಾಲಿ ಇರ್ಲಿ.